ಕಳೆದ ವಾರ ಎಡವಿದ ಪದ: ಅರ್ಥವಾದ

ದಾವಣಗೆರೆಯ ಓದುಬಳಗದ ಸದಸ್ಯರ ಗಮನಕ್ಕೆ:

‘ಅರ್ಥವಾದ’ಕ್ಕೂ ದುಡ್ಡಿಗೂ ಸಂಬಂಧವಿಲ್ಲ, ಜಗಳಕ್ಕಂತೂ ಇಲ್ಲವೇ ಇಲ್ಲ. ಇದು ಮೀಮಾಂಸಕರ, ಅಂದರೆ ವೇದವಾಕ್ಯಗಳ ಅರ್ಥ ವಿಚಾರಿಸುವ ಶಾಸ್ತ್ರದವರ ಪದ. ವೇದದಲ್ಲಿ ‘ಇದನ್ನು ಮಾಡು’ ಎನ್ನುವುದು ವಿಧಿ. ಅದಕ್ಕೆ ಮನಸ್ಸು ಒಲಿಯುವಂತೆ ಹೊಗಳುವುದು, ಬೇಡದ್ದನ್ನು ತೆಗಳುವುದು ಅರ್ಥವಾದ. ಇಲ್ಲಿ ‘ಅರ್ಥ’ವೆಂದರೆ ಉದ್ದೇಶ, ‘ವಾದ’ವೆಂದರೆ ಮಾತು. ‘ಆದಿತ್ಯೋ ಯೂಪಃ’, ಅಂದರೆ ಯಜ್ಞದ ಕಂಬವೇ ಸೂರ್ಯ ಎಂಬುದನ್ನು ಅಕ್ಷರಶಃ ಹಿಡಿಯಬಾರದು. ತುಪ್ಪ ಸವರಿದ ಕಂಬದ ಹೊಳಪಿಗೆ ಸಂದ ಹೊಗಳಿಕೆ ಅದು. ಮೀಮಾಂಸೆಯ ಮೂಲಗ್ರಂಥವಾದ ಜೈಮಿನಿ ಸೂತ್ರಗಳ ಮೊದಲ ಅಧ್ಯಾಯದ ಎರಡನೆಯ ಪಾದದಲ್ಲಿ (ಭಾಗದಲ್ಲಿ) ಅರ್ಥವಾದದ ಚರ್ಚೆಯಿದೆ.

ನಮ್ಮೂರಿನ ಲೆಕ್ಕದಲ್ಲಿ ಹೇಳುವುದಾದರೆ, ‘ಬೆಣ್ಣೆದೋಸೆ ತಿನ್ನಿ’ ವಿಧಿ. ‘ತಿಂದರೆ ಸ್ವರ್ಗಕ್ಕೆ ಮೂರೇ ಗೇಣು’ ಅರ್ಥವಾದ. (ಇದನ್ನು ಮಾತ್ರ ನಾನು ಅಕ್ಷರಶಃ ನಂಬುತ್ತೇನೆ.)

ಭಾನುವಾರ ಬರುವಾಗ ಒಂದೊಂದು ಉದಾಹರಣೆ ತನ್ನಿ.