ನರೇಷನ್‌ಗೆ ಹೋಗುವ ಮುಂಚೆ

ಪ್ರೀತಿಯ ತಮ್ಮಾ,

ನಿನ್ನ ಚಿತ್ರಕಥೆ ಓದಿದೆ. ಇಂಟರ್ವಲ್ ಆದಮೇಲೆ ಸ್ವಲ್ಪ ಎಳೆದಿದ್ದೀಯ, ಆದರೆ ಅಕ್ಕ-ತಂಗಿ ಜಗಳದ ದೃಶ್ಯ ತುಂಬಾ ಚೆನ್ನಾಗಿದೆ, ಅದನ್ನು ಯಾರು ಹೇಳಿದರೂ ಕತ್ತರಿಸಬೇಡ. ಅದಿರಲಿ. ಮುಂದಿನ ವಾರ ಮುಂಬೈನ ಅಂಧೇರಿಯಲ್ಲಿ ಒಬ್ಬ ನಿರ್ಮಾಪಕರಿಗೆ ಕಥೆ ಹೇಳುತ್ತೇನೆ, ಬರೆಯದ ಇನ್ನೂ ಒಂದು ಐಡಿಯಾ ಬಾಯಲ್ಲೇ ಇದೆ, ಅದನ್ನೂ ಹೇಳಿಬಿಡುತ್ತೇನೆ ಎಂದು ಬರೆದಿದ್ದೀಯಲ್ಲ, ಅದಕ್ಕೇ ಈ ಪತ್ರ.

ಬಾಯಲ್ಲಿರುವುದನ್ನು ಹೇಳಬೇಡ.

ಆರ್. ಜಿ. ಆನಂದ್ ಎಂಬ ನಾಟಕಕಾರ 1950ರ ದಶಕದಲ್ಲಿ ತಮ್ಮ ನಾಟಕವನ್ನು ಒಬ್ಬ ಹಿಂದಿ ನಿರ್ದೇಶಕರಿಗೆ ಪೂರ್ತಿ ಓದಿ ಹೇಳಿದ್ದರು. ಆಮೇಲೆ ಅದೇ ವಿಷಯದ ಮೇಲೆ ಸಿನಿಮಾ ಬಂತು. ಕೇಸು ಸುಪ್ರೀಂ ಕೋರ್ಟ್ ತನಕ ಹೋಗಿ 1978ರಲ್ಲಿ ಅವರು ಸೋತರು. ಐಡಿಯಾಕ್ಕೆ, ಕಥಾವಸ್ತುವಿಗೆ ಕಾಪಿರೈಟ್ ಇಲ್ಲ, ಅದನ್ನು ಬರೆದಿರುವ ರೀತಿಗೆ ಮಾತ್ರ ಇದೆ ಎಂದಿತು ಕೋರ್ಟು. ಪೂರ್ತಿ ನಾಟಕ ಬರೆದು ಕೈಯಲ್ಲಿಟ್ಟುಕೊಂಡಿದ್ದವರ ಕಥೆಯೇ ಹೀಗಾದರೆ, ಚಹಾ ಕುಡಿಯುತ್ತಾ ನಾಲ್ಕು ಸಾಲು ಹೇಳಿ ಬರುವ ನಿನ್ನ ಗತಿ ಏನು ಹೇಳು.

ಅದಕ್ಕೇ ಆ ಐಡಿಯಾವನ್ನು ಹತ್ತು-ಹದಿನೈದು ಪುಟವಾದರೂ ಬರೆ, ದೃಶ್ಯ ದೃಶ್ಯವಾಗಿ. ಸಿನಿಮಾ ಬರಹಗಾರರ ಸಂಘವಾದ ಸ್ಕ್ರೀನ್‌ರೈಟರ್ಸ್ ಅಸೋಸಿಯೇಷನ್ ಸದಸ್ಯನಾಗು, ಬರೆದದ್ದನ್ನು ಅಲ್ಲಿ ಆನ್‌ಲೈನಲ್ಲೇ ರಿಜಿಸ್ಟರ್ ಮಾಡಿಸು. ಈ ತಾರೀಕಿಗೆ ಇದು ನಿನ್ನ ಹತ್ತಿರ ಇತ್ತು ಅನ್ನುವುದಕ್ಕೆ ಅದು ಸಾಕ್ಷಿ. ಕಥೆ ಹೇಳಿ ಬಂದ ಸಂಜೆಯೇ ಅವರಿಗೆ ಒಂದು ಮೇಲ್ ಹಾಕು, ಇವತ್ತು ಈ ಕಥೆ ಹೇಳಿದೆ, ಕೇಳಿದ್ದಕ್ಕೆ ಥ್ಯಾಂಕ್ಸ್ ಎಂದು. ಅಷ್ಟೇ ಸಾಕು.

ನರೇಷನ್ ಅಂದರೆ ಎರಡು ಗಂಟೆ ನೀನೊಬ್ಬನೇ ಓದಬೇಕು. ಎದುರಿಗಿರುವವರ ಫೋನು ಮಿನುಗುತ್ತಲೇ ಇರುತ್ತದೆ, ಮಧ್ಯೆ ಯಾರೋ ಬರುತ್ತಾರೆ, ಹೋಗುತ್ತಾರೆ. ಮನೆಯಲ್ಲಿ ಗಟ್ಟಿಯಾಗಿ ಓದಿ ಅಭ್ಯಾಸ ಮಾಡು. ಎಲ್ಲಿ ನಿನಗೇ ಬೇಜಾರಾಗುತ್ತದೋ ಅಲ್ಲಿ ಕತ್ತರಿಸು. ಹಿಂದಿ ಡೈಲಾಗನ್ನು ರೋಮನ್ ಲಿಪಿಯಲ್ಲೂ ಟೈಪ್ ಮಾಡಿಟ್ಟಿರು, ಅಲ್ಲಿ ಜಾಸ್ತಿ ಜನ ಓದುವುದು ಹಾಗೇ.

ಇನ್ನು ಕಾಂಟ್ರಾಕ್ಟು. ಹಿಂದಿಯಲ್ಲಿ ಕಥೆ, ಚಿತ್ರಕಥೆ, ಸಂಭಾಷಣೆ ಮೂರಕ್ಕೂ ಬೇರೆ ಬೇರೆ ಹೆಸರು ಹಾಕುತ್ತಾರೆ. ನಿನ್ನದು ಯಾವುದರಲ್ಲಿ ಬರುತ್ತದೆ ಎಂದು ಕಾಗದದಲ್ಲೇ ಇರಬೇಕು. 1973ರಲ್ಲಿ ‘ಜಂಜೀರ್’ ಪೋಸ್ಟರ್‌ಗಳಲ್ಲಿ ತಮ್ಮ ಹೆಸರಿಲ್ಲ ಎಂದು ಅದನ್ನು ಬರೆದ ಸಲೀಂ–ಜಾವೇದ್ ಜೋಡಿ ಪೇಂಟರ್ ಹಿಡಿದು ಮುಂಬೈ ತುಂಬಾ ಬರೆಸಿದರು. (ನಮ್ಮ ರಾಜಕುಮಾರ್ ಅವರ ‘ಪ್ರೇಮದ ಕಾಣಿಕೆ’ಯ ಕಥೆಯೂ ಅವರದ್ದೇ.) ಅಂಥವರೇ ಹೆಸರಿಗಾಗಿ ಗುದ್ದಾಡಬೇಕಾಯಿತು, ನೀನು ಕೇಳಲು ನಾಚಿಕೊಳ್ಳುವುದೇಕೆ?

ದುಡ್ಡು ಕಂತಿನಲ್ಲೇ ಬರುತ್ತದೆ. ದೊಡ್ಡ ಕಂತನ್ನು ಶೂಟಿಂಗ್ ಶುರುವಾದಾಗ ಕೊಡುತ್ತೇವೆ ಅಂದರೆ ಒಪ್ಪಬೇಡ, ಎಷ್ಟೋ ಸಿನಿಮಾ ಶುರುವೇ ಆಗುವುದಿಲ್ಲ. ಡ್ರಾಫ್ಟ್ ಕೊಟ್ಟ ದಿನ ಅದರ ದುಡ್ಡು ಬರಬೇಕು. ಎಷ್ಟು ಡ್ರಾಫ್ಟ್ ಅನ್ನುವುದೂ ಬರೆದಿರಲಿ, ಇಲ್ಲದಿದ್ದರೆ ವರ್ಷಗಟ್ಟಲೆ ತಿದ್ದಿಸುತ್ತಲೇ ಇರುತ್ತಾರೆ. 2012ರ ಕಾಪಿರೈಟ್ ತಿದ್ದುಪಡಿಯ ಪ್ರಕಾರ ಥಿಯೇಟರ್ ಬಿಟ್ಟು ಬೇರೆ ಕಡೆ ಬಳಸಿದ್ದಕ್ಕೆ ಬರುವ ರಾಯಲ್ಟಿಯಲ್ಲಿ ನಿನ್ನ ಪಾಲನ್ನು ನಿರ್ಮಾಪಕರಿಗೆ ಬರೆದುಕೊಡಲು ಬರುವುದಿಲ್ಲ. ಬಿಟ್ಟುಕೊಡುತ್ತೇನೆ ಅನ್ನುವ ಸಾಲು ಕಂಡರೆ ತೆಗೆಸು.

ಅವರು ಕಾಗದ ಕೊಟ್ಟ ಕೂಡಲೇ ಸಹಿ ಹಾಕಬೇಡ. ವಕೀಲರಿಗೆ ತೋರಿಸುತ್ತೇನೆ ಎಂದು ಹೇಳಿ ತೆಗೆದುಕೊಂಡು ಬಾ, ಎಷ್ಟು ಹೊತ್ತಾದರೂ ಸರಿ ನನಗೆ ಫೋನ್ ಮಾಡು.

ನಿನ್ನ ಅಣ್ಣ