ನಕ್ಕಿದ್ದಕ್ಕೆ ಯಾಕೆ ಹೆದರುತ್ತೀಯ, ಪುಟ್ಟಿ

ಪುಟ್ಟಿ,

ನಿನ್ನ ಮೇಲ್ ನಿನ್ನೆ ರಾತ್ರಿಯೇ ಓದಿದೆ. ಉತ್ತರ ಬರೆಯೋಣ ಅಂತ ಕೂತರೆ ಕೈ ಓಡಲಿಲ್ಲ. ನಿನ್ನ ಗೆಳತಿಯ ಕಾಯಿಲೆ ವಿಷಯ ನಿಮ್ಮಮ್ಮ ಫೋನಲ್ಲಿ ಹೇಳಿದ್ದಾಳೆ. ಇನ್ನು ಕೀಮೋ ಬೇಡ ಅಂದಿದ್ದು, ಮನೆಗೆ ಕರೆದುಕೊಂಡು ಬಂದಿದ್ದು ಎಲ್ಲ ಗೊತ್ತು. ಆದರೆ ಕೊನೆಯಲ್ಲಿ ಬರೆದಿದ್ದೀಯಲ್ಲ, ಅದು ನನ್ನನ್ನ ನಿದ್ದೆ ಮಾಡಲು ಬಿಡಲಿಲ್ಲ. ಮಂಚದ ಪಕ್ಕ ಕೂತು ಇಬ್ಬರೂ ಹೊಟ್ಟೆ ಹುಣ್ಣಾಗುವಷ್ಟು ನಕ್ಕಿರಿ, ಅವಳಮ್ಮ ಗಂಜಿ ಲೋಟ ಹಿಡಿದು ಬಾಗಿಲಲ್ಲಿ ನಿಂತಿದ್ದವರು ಏನೂ ಹೇಳದೆ ವಾಪಸ್ ಹೋದರು. "ಸಾಯುತ್ತಿರುವವಳ ಮುಂದೆ ನಗುವ ನಾನು ಎಂಥವಳು ಅತ್ತೆ?" ಅಂತ ಕೇಳಿದ್ದೀಯ. ನಾಲ್ಕು ದಿನದಿಂದ ಆ ಕಡೆ ಹೋಗಿಲ್ಲ ಅಂತಲೂ ಬರೆದಿದ್ದೀಯ.

ನೀನು ನಕ್ಕಿದ್ದು ಓದಿ ನನಗೆ ಸಮಾಧಾನವೇ ಆಯಿತು. ಆ ನಾಲ್ಕು ದಿನ ಅನ್ನೋದು ಓದಿ ಎದೆ ಧಸಕ್ಕೆಂದಿತು.

ನನಗೂ ಒಬ್ಬಳಿದ್ದಳು. ನಿನಗೆ ಯಾವತ್ತೂ ಹೇಳಿಲ್ಲ, ಯಾರಿಗೂ ಸರಿಯಾಗಿ ಹೇಳಿಲ್ಲ. ಶಿವಮೊಗ್ಗದ ಹಾಸ್ಟೆಲಲ್ಲಿ ಮೂರು ವರ್ಷ ಒಂದೇ ರೂಮು, ಮಳೆಗಾಲಕ್ಕೆ ಇಬ್ಬರಿಗೂ ಸೇರಿ ಒಂದೇ ಕೊಡೆ. ಅವಳು ನಕ್ಕರೆ ತೋಟದಲ್ಲಿ ಅಡಿಕೆ ಕೊಯ್ಯುವವರಿಗೂ ಕೇಳುತ್ತಿತ್ತು. 1991ರಲ್ಲಿ ಹೊಟ್ಟೆಯೊಳಗೆ ಗಡ್ಡೆ ಅಂದರು. ಬೆಂಗಳೂರಿಗೆ ಕರೆದುಕೊಂಡು ಹೋಗಿ ಕರೆಂಟ್, ಅಂದರೆ ರೇಡಿಯೇಷನ್, ಕೊಡಿಸಿದರು, ಆಮೇಲೆ ಸಾಗರದ ಹತ್ತಿರ ತವರುಮನೆಗೆ ತಂದು ಮಲಗಿಸಿದರು. ಇಂಥ ನೋವು ತಗ್ಗಿಸೋ ಮಾರ್ಫಿನ್ ಅನ್ನೋ ಔಷಧಿಯ ಹೆಸರನ್ನೇ ನಾವು ಕೇಳಿರಲಿಲ್ಲ. 1985ರ ಮಾದಕ ವಸ್ತುಗಳ ಕಾನೂನು ಬಂದ ಮೇಲೆ ಅದನ್ನ ಇಟ್ಟುಕೊಳ್ಳುವುದೇ ರಗಳೆ ಅಂತ ಆಸ್ಪತ್ರೆಯವರೂ ಅಂಗಡಿಯವರೂ ಕೈಬಿಟ್ಟಿದ್ದರಂತೆ, ಇದು ನನಗೆ ಗೊತ್ತಾಗಿದ್ದು ಎಷ್ಟೋ ವರ್ಷದ ಮೇಲೆ. ಅವಳು ನರಳುವುದು ಬೇಲಿಯ ಉಣುಗೋಲು ದಾಟುವಾಗಲೇ ಕೇಳಿಸುತ್ತಿತ್ತು. ಎರಡು ಸಲ ಅಲ್ಲಿಂದಲೇ ತಿರುಗಿ ಬಂದಿದ್ದೇನೆ.

ಮೂರನೇ ಸಲ ಒಳಗೆ ಹೋದೆ. ಅವತ್ತು ನೋವು ಸ್ವಲ್ಪ ಕಡಿಮೆ ಇತ್ತು. ಹತ್ತಿರ ಬಾ ಅಂತ ಕೈ ಮಾಡಿ ಪಿಸುಗುಟ್ಟಿದಳು. "ನನ್ನ ವೈಕುಂಠದ ದಿನ ಅತ್ತಿಗೆಗೆ ಹೋಳಿಗೆ ಮಾಡೋಕೆ ಬಿಡಬೇಡ ಕಣೆ. ಅವಳ ಹೋಳಿಗೆ ತಿಂದರೆ ಊಟಕ್ಕೆ ಬಂದವರೂ ನನ್ನ ಹಿಂದೇನೇ ಬರ್ತಾರೆ."

ನನಗೆ ನಗು ಬಂತು, ಪುಟ್ಟಿ. ಗಂಟಲವರೆಗೂ ಬಂತು. ನುಂಗಿಕೊಂಡೆ. "ಛೀ, ಅಪಶಕುನ ನುಡೀಬೇಡ, ಹುಷಾರಾಗ್ತೀಯ ನೀನು" ಅಂದೆ. ಅವಳು ನನ್ನ ಮುಖವನ್ನೇ ಸ್ವಲ್ಪ ಹೊತ್ತು ನೋಡಿದಳು. ಆಮೇಲೆ ನನ್ನ ಕೈ ತಟ್ಟಿ "ಹೌದು, ಹುಷಾರಾಗ್ತೀನಿ" ಅಂದು ಗೋಡೆ ಕಡೆ ತಿರುಗಿಕೊಂಡಳು. ಸಮಾಧಾನ ಮಾಡಬೇಕಾದವಳು ನಾನು, ಅವಳು ನನಗೆ ಮಾಡಿದಳು. ಅದೇ ಕೊನೆಯ ಮಾತು. ಸಾಯುತ್ತೀನಿ ಅಂತ ಅವಳು ಬಾಯಿಬಿಟ್ಟು ಹೇಳಿದ್ದು ಆ ಮನೆಯಲ್ಲಿ ನನ್ನೊಬ್ಬಳಿಗೆ, ಅದನ್ನ ಹೇಳೋಕೆ ಅವಳಿಗೆ ಸಿಕ್ಕಿದ್ದ ದಾರಿ ಆ ತಮಾಷೆ ಒಂದೇ, ನಾನು ಅದನ್ನೂ ಮುಚ್ಚಿಬಿಟ್ಟೆ.

ನಿನ್ನ ಗೆಳತಿ ಮಾರ್ಫಿನ್ ಮಾತ್ರೆ ನುಂಗಿ "ನಮ್ಮ ಹಾಸ್ಟೆಲ್ ಸಾಂಬಾರಿಗಿಂತ ಇದೇ ವಾಸಿ" ಅಂದಳು ಅಂತ ಬರೆದಿದ್ದೀಯ. ಆ ಮಾತನ್ನ ಅವಳು ಬೇರೆ ಯಾರಿಗೆ ಹೇಳಬೇಕು ಹೇಳು? ಅವರಮ್ಮನಿಗೆ ಹೇಳಲು ಆಗುತ್ತಾ? ಅವಳ ಗಂಡನಿಗೆ? ಆ ಸಾಂಬಾರು ಉಂಡಿದ್ದು ನೀವಿಬ್ಬರು.

ಮಾತ್ರೆ ಅಂದಾಗ ನೆನಪಾಯಿತು. ನಾನೇನು ಡಾಕ್ಟರ್ ಅಲ್ಲ, ನಿಮ್ಮ ಮಾವನನ್ನ ನೋಡಿಕೊಂಡಾಗ ಕಲಿತಿದ್ದು ಅಷ್ಟೇ. ಅದನ್ನ ನೋವು ತಲೆಗೇರಿದ ಮೇಲೆ ಕೊಡುವುದಲ್ಲ, ಡಾಕ್ಟರ್ ಹೇಳಿದ ಹೊತ್ತಿಗೆ ತಪ್ಪದೆ ಕೊಡಬೇಕು. ಚಟ ಹತ್ತುತ್ತೆ ಅಂತ ಮನೆಯಲ್ಲಿ ಯಾರಾದರೂ ತಡೆದರೆ ಮೆತ್ತಗೆ ತಿಳಿಸಿ ಹೇಳು. ಹೊಟ್ಟೆ ಕಟ್ಟುತ್ತೆ, ಅದಕ್ಕೂ ಜೊತೆಯಲ್ಲೇ ಔಷಧಿ ಕೇಳಿ ತಗೊಳ್ಳಲಿ. ಊಟಕ್ಕೆ ಬಲವಂತ ಮಾಡಬೇಡಿ, ಬಾಯಿ ಒಣಗಿದಾಗ ಹತ್ತಿ ಅದ್ದಿ ತುಟಿ ಒರೆಸಿದರೂ ಎಷ್ಟೋ ಹಾಯಾಗುತ್ತದೆ. ಮನೆಯಲ್ಲಿ ತೀರಾ ಕಷ್ಟವಾದರೆ ಮಾರತ್ತಹಳ್ಳಿ ಕಡೆ ಕರುಣಾಶ್ರಯ ಇದೆ. 1999ರಿಂದ ನಡೆಯುತ್ತಿದೆ, ವಾಸಿಯಾಗದ ಕ್ಯಾನ್ಸರ್‌ನವರನ್ನ ದುಡ್ಡು ತಗೊಳ್ಳದೆ ನೋಡಿಕೊಳ್ಳುತ್ತಾರೆ. ಅಲ್ಲಿಗೆ ಕಳಿಸಿದರೆ ಕೈಬಿಟ್ಟಂತೆ ಅಂತ ಯಾರೂ ಅಂದುಕೊಳ್ಳಬಾರದು. ಇನ್ನೊಂದು ಹೇಳಲೋ ಬೇಡವೋ ಗೊತ್ತಾಗುತ್ತಿಲ್ಲ. ಕೊನೆಗೆ ವೆಂಟಿಲೇಟರ್ ಎಲ್ಲ ಬೇಡ ಅಂತ ಅವಳ ಮನಸ್ಸಿನಲ್ಲಿದ್ದರೆ ಈಗಲೇ ಬರೆದಿಡಬಹುದು. 2018ರಲ್ಲಿ ಸುಪ್ರೀಂ ಕೋರ್ಟ್ ಅದಕ್ಕೆ ಒಪ್ಪಿದೆ, 2023ರಲ್ಲಿ ಇನ್ನೂ ಸುಲಭ ಮಾಡಿದೆ, ಇಬ್ಬರು ಸಾಕ್ಷಿ ಮತ್ತು ನೋಟರಿ ಮುಂದೆ ಬರೆದರೆ ಆಯಿತು. ನೀನಾಗಿ ಎತ್ತಬೇಡ. ಅವಳೇ ತೆಗೆದರೆ ಮಾತ್ರ ನನ್ನ ಹಾಗೆ "ಛೀ" ಅನ್ನಬೇಡ.

ಅವಳಮ್ಮ ಏನೂ ಹೇಳದೆ ಹೋದರು ಅಂದೆಯಲ್ಲ, ನಾನು ಮತ್ತೆ ಮತ್ತೆ ಅಲ್ಲಿಗೇ ಬರುತ್ತಿದ್ದೇನೆ. ನನ್ನ ಗೆಳತಿ ಹೋಗಿ ಎಂಟೊಂಬತ್ತು ವರ್ಷವಾದ ಮೇಲೆ ಒಂದು ಮದುವೆ ಮನೆಯಲ್ಲಿ ಅವಳ ಅಮ್ಮ ಸಿಕ್ಕರು. ಊಟ ಮುಗಿಸಿ ಜಗಲಿಯಲ್ಲಿ ಕೂತು ಎಲೆಗೆ ಸುಣ್ಣ ಹಚ್ಚುತ್ತಾ ಕೇಳಿದರು. "ಅವತ್ತು ನೀನು ಬಂದಾಗ ನಾನು ಅಡುಗೆಮನೆಯಲ್ಲಿ ಕಿವಿ ಕೊಟ್ಟುಕೊಂಡು ಕೂತಿದ್ದೆ ಮಾರಾಯ್ತಿ. ನೀನು ಬಂದರೆ ಒಂದು ಸಲವಾದರೂ ಅವಳ ನಗು ಕೇಳುತ್ತೆ ಅಂತ. ಯಾಕೆ ಅಷ್ಟು ಸುಮ್ನೆ ಇದ್ರಿ ಇಬ್ಬರೂ?"

ನಾನು ಏನು ಹೇಳಲಿ. ಅವರು ಎಲೆ ಮಡಚಿ ನನ್ನ ಕೈಗೆ ಕೊಟ್ಟರು, ನಾನು ಬಾಯಿಗೆ ಹಾಕಿಕೊಂಡೆ.

ಆ ತಾಯಿ ಯಾಕೆ ವಾಪಸ್ ಹೋದರೋ ನನಗೆ ಗೊತ್ತಿಲ್ಲ ಪುಟ್ಟಿ. ಬೇಜಾರಾಗಿಯೇ ಹೋಗಿರಬಹುದು. ಆದರೆ ಕೇಳದೆ ನೀನೇ ತೀರ್ಮಾನ ಮಾಡಿಕೊಳ್ಳಬೇಡ. ನಗುತ್ತಾ ನಗುತ್ತಾ ಅಳು ಬಂದರೆ ಅವಳ ಮುಂದೆಯೇ ಅತ್ತುಬಿಡು, ಮೆಟ್ರೋದಲ್ಲಿ ಮುಖ ಮುಚ್ಚಿಕೊಂಡು ಅಳುವುದಕ್ಕಿಂತ ಅದೇ ವಾಸಿ ಅಲ್ವಾ? ಇವತ್ತು ಸಂಜೆ ಆಫೀಸಿಂದ ಸೀದಾ ಅಲ್ಲಿಗೇ ಹೋಗು. ಯಾಕೆ ಬರಲಿಲ್ಲ ಅಂದರೆ ಹೆದರಿದ್ದೆ ಅಂತ ನಿಜವನ್ನೇ ಹೇಳು.

ಶನಿವಾರ ನಿಮ್ಮಣ್ಣ ಬೆಂಗಳೂರಿಗೆ ಬರುತ್ತಿದ್ದಾನೆ. ಒಂದು ಬಾಟಲಿ ಅಪ್ಪೆಮಿಡಿ ಉಪ್ಪಿನಕಾಯಿ ಕೊಟ್ಟು ಕಳಿಸುತ್ತೇನೆ. ಬಾಯಿ ರುಚಿ ಕೆಟ್ಟಿದ್ದರೆ ನಾಲಿಗೆಗೆ ಒಂದು ಹನಿ ರಸ ಮುಟ್ಟಿಸು, ಹುಣ್ಣಾಗಿದ್ದರೆ ಬೇಡ, ಉರಿಯುತ್ತದೆ. ಆಗ ಮುಚ್ಚಳ ತೆಗೆದು ಮೂಗಿನ ಹತ್ತಿರ ಹಿಡಿ, ಆ ಪರಿಮಳವೇ ಸಾಕು. ಅವಳು ಅದಕ್ಕೆ ಏನಾದರೂ ಅಂದೇ ಅನ್ನುತ್ತಾಳೆ. ಏನಂದಳು ಅಂತ ನನಗೆ ಬರಿ.

ನಿನ್ನ ಅತ್ತೆ