ಉಪ್ಪಿನ ಹಾಡು ಬರೆದವಳಿಗೆ

ಪ್ರೀತಿಯ ಹುಡುಗಿ,

ನಿನ್ನ ಕಾಗದದ ಕಟ್ಟು ಬಂದು ಮೂರು ವಾರ ಆಯ್ತು. ಕರೆಂಟಿಲ್ಲದ ಎರಡು ರಾತ್ರಿ ಟಾರ್ಚ್ ಹಿಡಿದು ಪೂರ್ತಿ ಓದಿದ್ದೇನೆ, ಹಾಗಾಗಿ ಈಗ ಬೈದರೆ ಕೇಳಿಸಿಕೊಳ್ಳಬೇಕು. ಅಕ್ಷರತಪ್ಪು, ಪ್ರಕಾಶಕರು, ಪುಟ ಎಷ್ಟಿರಬೇಕು ಅಂತೆಲ್ಲ ಕೇಳಿದ್ದೀಯ. ಅದನ್ನು ಹೇಳಲು ಬೇರೆ ಜನ ಇದ್ದಾರೆ, ಬಿಡು. ಕೊನೇ ಹಾಳೆಯ ಮೂಲೆಯಲ್ಲಿ ಪೆನ್ಸಿಲಿನಲ್ಲಿ ಬರೆದಿದ್ದೀಯಲ್ಲ, 'ಮಾಷ್ಟ್ರೇ, ಇಲ್ಲದ ಊರಿಗೆ ಜನಪದ ಹಾಡು ಕಟ್ಟಿದ್ದೀಯಾ ಅಂತ ಗೆಳೆಯರು ನಗ್ತಾರೆ, ಸುಟ್ಟು ಬಿಡಲಾ' ಅಂತ, ನನ್ನ ಉತ್ತರ ಅದಕ್ಕೆ ಮಾತ್ರ.

ಸುಡಬೇಡ. ಊರು ಇಲ್ಲದ್ದು ಅನ್ನೋದು ತೊಂದರೆಯೇ ಅಲ್ಲ. ಎರಡು ಚಂದ್ರರಿರುವ ಕಡಲು, ದಡದಲ್ಲಿ ಉಪ್ಪು ಎಳೆಯುವ ಹೆಂಗಸರು, ಅವರ ಬಾಯಲ್ಲಿ 'ಉಪ್ಪಿನ ರಾಣಿ'ಯ ಹಾಡು, ಎಲ್ಲ ಒಪ್ಪಿದೆ. ತೊಂದರೆ ಏನೆಂದರೆ ಹಾಡು ಚಂದ ಜಾಸ್ತಿ ಆಯ್ತು. 48 ನುಡಿ, ಒಂದು ಕಡೆಯೂ ಎಡವೋದಿಲ್ಲ. ಎರಡನೇ ಚಂದ್ರ ಹೇಗೆ ಹುಟ್ಟಿದ, ರಾಣಿಗೆ ಯಾರ ಶಾಪ, ಎಲ್ಲ ಲೆಕ್ಕ ಇಟ್ಟ ಹಾಗೆ ಬರುತ್ತೆ. ಆದರೆ ಹಾಡುವವಳ ಕೈಯಲ್ಲಿ ಏನಿದೆ? ಹಲಗೆಯಾ? ಅದನ್ನು ಒಮ್ಮೆ ಎಳೆಯೋಕೆ ಎಷ್ಟು ಉಸಿರು ಬೇಕು? ಸಾಲು ಅಷ್ಟೇ ಉದ್ದ ಇರಬೇಕಲ್ವಾ? ಉಪ್ಪುನೀರಲ್ಲಿ ನಿಂತವಳಿಗೆ ಹಿಮ್ಮಡಿಯ ಒಡಕು ಉರಿಯೋದಿಲ್ವಾ? 48 ನುಡಿಯಲ್ಲಿ ಒಬ್ಬಳೂ ಒಮ್ಮೆ 'ಹಾ' ಅನ್ನಲಿಲ್ಲ ಮಾರಾಯ್ತಿ.

ನೇಜಿ (ಭತ್ತದ ಸಸಿ) ನೆಡುವ ಗದ್ದೆಯಲ್ಲಿ ಪಾಡ್ದನ, ಅದೇ ನಮ್ಮ ತುಳು ಕಥೆಹಾಡು, ಕೇಳಿದ್ದೀಯಾ? ನಿನ್ನ ಪ್ರಾಯಕ್ಕೆ ಗದ್ದೆಯೆಲ್ಲ ಅಡಿಕೆ ತೋಟ ಆಗಿತ್ತೋ ಏನೋ. ಒಬ್ಬಳು ಹೇಳ್ತಾಳೆ, ಉಳಿದವರು 'ಡೆನ್ನಾನ ಡೆನ್ನಾನ' ಅಂತ ಎತ್ತಿಕೊಳ್ತಾರೆ. ಡೆನ್ನಾನ ಅಂದರೆ ಏನೂ ಇಲ್ಲ. ಅರ್ಥ ಇಲ್ಲ. ಅವರು ಅದನ್ನು ಎಳೆಯುವಷ್ಟರಲ್ಲಿ ಹೇಳುವವಳಿಗೆ ಉಸಿರೂ ಸಿಗುತ್ತೆ, ಮುಂದಿನ ಸಾಲೂ ಸಿಗುತ್ತೆ, ಅಷ್ಟೇ ಅದರ ಕೆಲಸ. ನೀನು 'ಹೈಲಾ ಹೈಲಾ' ಅಂತ ಒಳ್ಳೆಯ ಪಲ್ಲವಿ ಹಾಕಿದ್ದೀಯ, ಆಮೇಲೆ ಕೆಳಗೆ ಟಿಪ್ಪಣಿ ಕೊಟ್ಟಿದ್ದೀಯ, 'ಓ ಬಿಳಿಯ ತಾಯೇ' ಎಂದರ್ಥ ಅಂತ. ಆ ಟಿಪ್ಪಣಿ ಹರಿದು ಹಾಕು.

1990ರ ಡಿಸೆಂಬರಿನಲ್ಲಿ ಫಿನ್ಲೆಂಡಿನ ಜಾನಪದ ವಿದ್ವಾಂಸ ಲೌರಿ ಹಾಂಕೊ ಮತ್ತು ನಮ್ಮ ಕಡೆಯ ವಿದ್ವಾಂಸರು ಸೇರಿ ಪಾಡ್ದನ ಹಾಡುವ ಗೋಪಾಲ ನಾಯ್ಕರ ಬಾಯಿಂದ ಸಿರಿ ಎಂಬವಳ ಕಥೆಯ ಪಾಡ್ದನ ರೆಕಾರ್ಡ್ ಮಾಡಿದರು. 15,683 ಸಾಲು! ಬಾಯಿಪಾಠ ಮಾಡಿ ಒಪ್ಪಿಸಿದ್ದಲ್ಲ, ಹಾಡ್ತಾ ಹಾಡ್ತಾ ಕಟ್ಟಿಕೊಂಡು ಹೋದದ್ದು. ಅದನ್ನು ಓದಿದಾಗ ನನಗೆ ಸಂತೋಷಕ್ಕಿಂತ ನಾಚಿಕೆ ಜಾಸ್ತಿ ಆಯ್ತು. ಯಾಕೆ ಅಂತ ಹೇಳ್ತೇನೆ. ಯಾರಿಗೂ ಹೇಳಿದ್ದಲ್ಲ.

ನನಗಾಗ ಇಪ್ಪತ್ತಾರು. ಸಾಲ ತಂದ ಟೇಪ್ ರೆಕಾರ್ಡರ್ ಹಿಡಕೊಂಡು ಕುಂಬಳೆ ಹತ್ತಿರದ ಒಬ್ಬ ಅಜ್ಜಿಯ ಮನೆಗೆ ಹೋದೆ. ಜಗಲಿಯಲ್ಲಿ ಕುರ್ಚಿ ಹಾಕಿ ಕೂರಿಸಿ, ಹೇಳಿ ಅಂದೆ. ಅವರಿಗೆ ಕುರ್ಚಿಯೇ ಅಭ್ಯಾಸ ಇಲ್ಲ. ಅರ್ಧ ಗಂಟೆ ಚೆನ್ನಾಗಿಯೇ ಹೇಳಿದರು, ಆಮೇಲೆ ಒಂದು ಕಡೆ ನಿಂತೇ ಹೋಯ್ತು. ಬಲಗೈ ಮಾತ್ರ ಮೊಣಕಾಲ ಮೇಲೆ ಆಡ್ತಾ ಇತ್ತು, ನೇಜಿ ಊರುವ ಹಾಗೆ, ಹೆಬ್ಬೆರಳು ಒತ್ತಿ ಒತ್ತಿ. 'ನಾಳೆ ಗದ್ದೆಗೆ ಬಾ ಮಗಾ, ಬಗ್ಗಿದರೆ ನೆನಪಾಗ್ತದೆ' ಅಂದರು. ನಾನು ಹೋಗಲಿಲ್ಲ. ಮಳೆಗೆ ಟೇಪ್ ರೆಕಾರ್ಡರ್ ಒದ್ದೆಯಾದರೆ ದುಡ್ಡು ಕೊಡುವವರು ಯಾರು ಅಂತ ಯೋಚನೆ. ಮನೆಗೆ ಬಂದು ಬಿಟ್ಟುಹೋದ ಜಾಗಕ್ಕೆ ಹನ್ನೊಂದು ಸಾಲು ನಾನೇ ಬರೆದು ಸೇರಿಸಿದೆ. ಒಂದು ಪತ್ರಿಕೆಯಲ್ಲಿ ಬಂತು. ಹೊಗಳಿಕೆಯೋ ಹೊಗಳಿಕೆ, ಅದೂ ಆ ಹನ್ನೊಂದು ಸಾಲಿಗೇ ಜಾಸ್ತಿ! ಆಮೇಲೆ ಯಾರೋ ಒಬ್ಬರು 'ತುಳುವರ ಪ್ರಾಚೀನ ನಂಬಿಕೆ'ಗೆ ಸಾಕ್ಷಿ ಅಂತ ಅವನ್ನೇ ಎತ್ತಿ ಬರೆದರು. ನಾನು ಸುಮ್ಮನಿದ್ದೆ. ಸುಖವಾಗಿತ್ತು, ಸುಳ್ಳು ಯಾಕೆ ಹೇಳಲಿ.

ಪತ್ರಿಕೆ ಹಿಡಕೊಂಡು ಅಜ್ಜಿಗೆ ಓದಿ ಹೇಳಿದೆ. ಪೂರಾ ಕೇಳಿ, ಎಲೆಯಡಿಕೆ ಉಗಿದು ಬಂದು, 'ಚಂದ ಉಂಟು, ಇದು ನಿನಗೆ ಯಾರು ಹೇಳಿಕೊಟ್ಟದ್ದು?' ಅಂತ ಕೇಳಿದರು. ನೀವೇ ಅಜ್ಜಿ, ಅಂದೆ. ನಕ್ಕರು.

ನಿನ್ನನ್ನು ನೋಡಿ ನಗುವವರಿಗೆ ಇದು ಗೊತ್ತಿಲ್ಲ. ಊರೂ ನನ್ನದೇ, ಹಾಡೂ ನನ್ನದೇ ಅಂತ ನೀನು ಮೊದಲ ಪುಟದಲ್ಲೇ ಹೇಳಿಬಿಟ್ಟಿದ್ದೀಯ. ಆದರೆ ನಾನು ತುಂಬಿಸಿದ ಹಾಗೆ ನೀನೂ ಎಲ್ಲ ತುಂಬಿಸಿಬಿಟ್ಟಿದ್ದೀಯ, ಅದೇ ನನಗೆ ಹೊಟ್ಟೆ ಉರಿಯುವುದು. 31ನೇ ನುಡಿಯಲ್ಲಿ ರಾಣಿ ನೀರಿಗೆ ಇಳಿಯುವಾಗ ಹಾಡುವವಳು ಮರೆಯಲಿ. ಪಕ್ಕದವಳು ತನಗೆ ತೋಚಿದ್ದು ಹೇಳಲಿ, ಮೂರನೆಯವಳು 'ಹಾಗಲ್ಲ, ನಮ್ಮ ಅಮ್ಮ ಬೇರೆ ಹೇಳ್ತಿದ್ದರು' ಅಂತ ಜಗಳಕ್ಕೆ ಬರಲಿ. ಯಾರದ್ದು ಸರಿ ಅಂತ ನೀನು ತೀರ್ಪು ಕೊಡೋಕೆ ಹೋಗಬೇಡ.

ಇನ್ನೊಂದು. ನಿನ್ನ ಕಡಲ ದಡದಲ್ಲಿ ಎಲ್ಲರಿಗೂ ಒಂದೇ ಭಾಷೆ! ಕಾಸರಗೋಡಲ್ಲಿ ಹುಟ್ಟಿದವಳು ಹೀಗೆ ಬರೆಯೋದಾ? ಬಸ್ಸಿಗೆ ತುಳು ಮಾತಾಡ್ತಾ ಹತ್ತಿ, ಮಲಯಾಳದಲ್ಲಿ ಟಿಕೆಟ್ ಕೇಳಿ, ಚಿಲ್ಲರೆಗೆ ಕನ್ನಡದಲ್ಲಿ ಗೊಣಗುವವರು ನಾವು. ಆ ಉಪ್ಪಿನ ಹೆಂಗಸರ ಬಾಯಿಗೂ ಆಚೆ ದಡದ ಒಂದೆರಡು ಶಬ್ದ ಸೇರಿರಬೇಕು, ಅದೂ ತಪ್ಪು ತಪ್ಪಾಗಿ.

ಹಾಡು ಮತ್ತೆ ಬರೆದು ತಾ. ಈ ಸಲ ಓದಬೇಡ, ಏನಾದರೂ ಎಳೆಯುತ್ತಾ ಹೇಳು, ನಮ್ಮ ಅಂಗಳದಲ್ಲಿ ಅಡಿಕೆ ಒಣಗಿಸುವ ಹಲಗೆ ಇದೆ. ಆ ಹನ್ನೊಂದು ಸಾಲು ಯಾವುದು ಅಂತ ಮಾತ್ರ ಕೇಳಬೇಡ. ಆದಿತ್ಯವಾರ ಬಾ. ಮಳೆ ಜೋರಿದ್ದರೆ ತೋಡಿನ ಸಂಕ ದಾಟಬೇಡ, ರಸ್ತೆ ಸುತ್ತಿಯೇ ಬಾ.

ನಿನ್ನ
ಮಾಷ್ಟ್ರು